ಮಾರ್ಲಿಸಳ ಪರ್ಮಿಟ್ಟಿಗೆ ದುಡ್ಡು ಕಟ್ಟಿದ್ದು ಯಾರು?

"ಮೆಡಿಕಲ್ ಕಾರ್ಡಿನ ನೂರಾ ಹತ್ತು ಡಾಲರ್ ಬಂದಾಗಿದೆ ಮಾರ್ಲಿಸ್. ಪರ್ಸ್ ಒಳಗಿಟ್ಕೋ," ಎಂದಳು ಡಾಕ್ಟರ ಕ್ಲಿನಿಕ್ಕಿನ ಕೌಂಟರಿನಲ್ಲಿ ಕೂತಿದ್ದ ಜೂನಿ.

ಮಾರ್ಲಿಸ್ ಒಳಗಿಡಲಿಲ್ಲ. ಕಾಫಿ ಡಬ್ಬಿಯಿಂದ ಎಣಿಸಿ ತಂದಿದ್ದ ನೋಟುಗಳನ್ನು ಮೇಜಿನ ಮೇಲಿಟ್ಟು, ಅವುಗಳ ಮೇಲೆ ಅಂಗೈ ಊರಿ ನಿಂತಳು.

"ಯಾರು ಕೊಟ್ಟಿದ್ದು?"

"ಬೆಳಿಗ್ಗೆ ಬಾಗಿಲ ಕೆಳಗೆ ಲಕೋಟೆ ಬಿದ್ದಿತ್ತು ಕಣೇ. ಮೇಲೆ ನಿನ್ನ ಹೆಸರು. ಒಳಗೆ ಸರಿಯಾಗಿ ನೂರಾ ಹತ್ತು. ಬೇಡ ಅನ್ನೋಕೆ ಯಾರಿಗೆ ಅನ್ಲಿ, ಬಾಗಿಲಿಗಾ?"

ಮಾರ್ಲಿಸ್ ನನ್ನ ಕಡೆ ತಿರುಗಿದಳು. "ನೋಡಿದ್ಯಾ ವರ್ನಾ? ಮಂಗಳವಾರ ಲೈಸೆನ್ಸ್ ಆಫೀಸಲ್ಲೂ ಹಿಂಗೇ ಆಯ್ತು. ಪರೀಕ್ಷೆ ಫೀಸು ಆಗ್ಲೇ ಬಂದಿದೆ ಅಂದ್ರು. ಎರಡು ವರ್ಷ ಕೂಡಿಟ್ಟಿದ್ದು ಕಣೇ ಇದು. ಈ ಊರಲ್ಲಿ ಒಬ್ರೂ ನನ್ನ ದುಡ್ಡು ಮುಟ್ಟಲ್ಲ ಅಂತಾರಲ್ಲ!"

ನನಗೆ ನಗು ಬಂತು. ಅವಳ ಮುಖ ನೋಡಿ ನುಂಗಿಕೊಂಡೆ.

ಮಾರ್ಲಿಸ್ ಕುಬಿಚೆಕ್‌ಗೆ ಈಗ ಐವತ್ತೊಂದು. ನಮ್ಮ ಹಾರ್ಲನ್ ಫ್ಲ್ಯಾಟ್ ಊರಿನ ಶಾಲೆಯಲ್ಲಿ ಅಡುಗೆಯವಳು. ಅವಳ ಗಂಡ ಲೀಲ್ಯಾಂಡ್ ಮೂರು ಚಳಿಗಾಲದ ಹಿಂದೆ ನೆರೆರಾಜ್ಯ ವಯೋಮಿಂಗ್‌ನ ಹೆದ್ದಾರಿ ಪಕ್ಕದಲ್ಲಿ ತನ್ನ ನೀಲಿ ಟ್ರಕ್ಕಿನಿಂದ ಇಳಿದವನು ಮತ್ತೆ ಹತ್ತಲಿಲ್ಲ. ಎಂಜಿನ್ ಓಡುತ್ತಲೇ ಇತ್ತು. ಮೂರು ವರ್ಷ ನಾನು ಅವನನ್ನು ಹುಡುಕಿದ್ದೇನೆ, ಕೂದಲೆಳೆಯಷ್ಟು ಸುಳಿವೂ ಸಿಕ್ಕಿಲ್ಲ.

ಆ ಟ್ರಕ್ಕು ಈಗ ಅವಳ ಅಂಗಳದಲ್ಲಿ ನಿಂತಿದೆ. ಮಾರಿಬಿಡು ಎಂದು ಊರೆಲ್ಲ ಹೇಳಿತು. ಅವಳು ಭಾನುವಾರ ಅದರೊಳಗೆ ಹತ್ತಿ ಕುಳಿತು ಕಾಫಿ ಕುಡಿಯುತ್ತಾಳೆ, ಮಾರುವುದಿಲ್ಲ. ಈ ಶರತ್ಕಾಲದ ಸಕ್ಕರೆ ಬೀಟ್‌ಗೆಡ್ಡೆಯ ಕೊಯ್ಲಿಗೆ, ಹೊಲದ ರಾಶಿಯಿಂದ ಸಕ್ಕರೆ ಕಾರ್ಖಾನೆಗೆ ತಾನೇ ಅದನ್ನು ಓಡಿಸುತ್ತೇನೆಂದು ಹಟ ಹಿಡಿದಿದ್ದಾಳೆ. ಅದಕ್ಕೆ ಮೊದಲು ಭಾರಿ ವಾಹನದ ಕಲಿಕೆ ಪರ್ಮಿಟ್ ಬೇಕು.

ಪರ್ಮಿಟ್ ಎಂದರೆ ಬರೀ ಫೀಸಲ್ಲ. ವೈದ್ಯರ ಕಾರ್ಡಿಗಾಗಿ ರಕ್ತದೊತ್ತಡ ಇಳಿಸಬೇಕೆಂದು ಅವಳು ಹದಿನೈದು ದಿನದಿಂದ ಉಪ್ಪು ಬಿಟ್ಟಿದ್ದಳು, ಹಂದಿಮಾಂಸ ಬಿಟ್ಟಿದ್ದಳು, ಟ್ರಕ್ಕಿನಲ್ಲಿ ಕುಡಿಯುವ ಆ ಭಾನುವಾರದ ಕಾಫಿಯನ್ನೂ ಬಿಟ್ಟಿದ್ದಳು. ಹೆಸರು ಬದಲಾದದ್ದಕ್ಕೆ ಸಾಕ್ಷಿ ಕೇಳಿದರೆಂದು, ಮೂರು ವರ್ಷ ಮುಟ್ಟದ ಪೆಟ್ಟಿಗೆ ತೆಗೆದು ಮದುವೆಯ ನೋಂದಣಿ ಪತ್ರ ಹುಡುಕಿದ್ದಳು. ಅದು ಸಿಕ್ಕ ದಿನ ಶಾಲೆಗೆ ರಜೆ ಹಾಕಿದ್ದಳು. ಆ ಲೆಕ್ಕ ಯಾವ ರಸೀತಿಯಲ್ಲೂ ಬರುವುದಿಲ್ಲ.

"ನಾಳೆ ಹನ್ನೆರಡಕ್ಕೆ ಪರೀಕ್ಷೆ," ಎಂದಳು ಮಾರ್ಲಿಸ್ ಮೆಲ್ಲಗೆ. "ಅಷ್ಟರೊಳಗೆ ಯಾರು ಅಂತ ಹೇಳು. ಊರಿನ ಯಾವನಾದ್ರೂ ಪುಣ್ಯಾತ್ಮ ಆದ್ರೆ ಸರಿ, ತಿರುಗಿಸಿ ಕೊಡ್ತೀನಿ. ಲೀಲ್ಯಾಂಡ್ ಆಗಿದ್ರೆ..."

"ಆಗಿದ್ರೆ?"

"ಬದುಕಿದ್ದೂ ನನಗೊಂದು ಫೋನ್ ಮಾಡದೆ ಲಕೋಟೆ ತಳ್ಳೋ ಗಂಡಸಿನ ದುಡ್ಡಲ್ಲಿ ನಾನು ಸ್ಟಿಯರಿಂಗ್ ಹಿಡಿಯಲ್ಲ. ಪರ್ಮಿಟ್ ಕೈಗೆ ಬಂದ್ರೂ ಅಲ್ಲೇ ಹರಿದು ಹಾಕ್ತೀನಿ."

ಅವಳು ಹೇಳಿದರೆ ಮಾಡುವವಳು. ಒಳಗಿಂದ ಡಾಕ್ಟರ್ ಪಾರ್ಡಿ ಕರೆದರು. ಊರಿನವರ ಬೆನ್ನುಮೂಳೆ ಲಟಕ್ಕೆನ್ನಿಸಿ ನೆಟ್ಟಗೆ ಮಾಡುವ ಇವರೇ ಟ್ರಕ್ಕಿನವರ ತಪಾಸಣೆಯನ್ನೂ ಮಾಡುತ್ತಾರೆ. ಮಾರ್ಲಿಸ್ ಒಳಗೆ ಹೋದಳು.

ನಾನು ಜೂನಿಯ ಕಡೆ ಬಾಗಿದೆ. "ಲಕೋಟೆ ಕೊಡು."

"ಅದೇನು ಆಟ ಆಡ್ತೀಯೇ ವರ್ನಾ, ನಿನಗೆ ನಿವೃತ್ತಿಯಾಗಿ ಆರು ವರ್ಷ ಆಯ್ತು."

"ಇಪ್ಪತ್ತಾರು ವರ್ಷ ಹೆದ್ದಾರಿಯಲ್ಲಿ ಲಾರಿ ತೂಗೋ ಕಟ್ಟೆಯಲ್ಲಿ ಲಾರಿಯವರ ದಿನಚರಿಯ ಸುಳ್ಳು ಓದಿದವಳು ನಾನು. ಕೊಡು ಸುಮ್ನೆ."

ಲಕೋಟೆ ಸಾದಾ. ಒಳಗೆ ಒಂದು ಚೀಟಿ, ಅಚ್ಚಿನ ಹಾಗೆ ಬಿಡಿಬಿಡಿ ಅಕ್ಷರ. 'ಎಂ. ಕುಬಿಚೆಕ್. ಮೆಡಿಕಲ್ ಕಾರ್ಡ್. ಗುರುವಾರ 10:15.'

ನಾನು ಗೋಡೆಯ ಗಡಿಯಾರ ನೋಡಿದೆ. ಒಂಬತ್ತೂ ಇಪ್ಪತ್ತು.

"ಅವಳ ಅಪಾಯಿಂಟ್‌ಮೆಂಟ್ ಎಷ್ಟಕ್ಕೆ?"

"ಒಂಬತ್ತೂ ಕಾಲಿಗೆ. ಬರೆದವನಿಗೆ ತಲೆ ನೆಟ್ಟಗಿಲ್ಲ." ಜೂನಿ ಪೆನ್ಸಿಲ್ ಕಚ್ಚಿದಳು. "ಅಂದ ಹಾಗೆ, ನಿನ್ನೆ ಬೆಳಿಗ್ಗೆನೂ ಒಬ್ಬ ಹಿಂಗೇ. ನಾನು ಏಳಕ್ಕೆ ಬಂದು ಕೋಟು ಬಿಚ್ತಿದ್ದೆ, ಫೋನ್ ಬಂತು. ಎಂಟಾಯ್ತಲ್ಲಮ್ಮ, ಯಾಕೆ ಇನ್ನೂ ಬಾಗಿಲು ತೆಗೆದಿಲ್ಲ ಅಂತಾನೆ. ಏಳು ಗಂಟೆ ಕಣಪ್ಪ ಅಂದೆ. ತಪ್ಪಾಯ್ತು ಅಂದು, ಮೆಡಿಕಲ್ ಕಾರ್ಡಿಗೆ ಈಗ್ಲೂ ನೂರಾ ಹತ್ತೇನಾ ಅಂತ ಕೇಳಿ ಇಟ್ಟ."

"ಗುರುತಿನ ದನಿಯಾ?"

"ಹಿಂದೆ ಎಂಜಿನ್ ಗುಡುಗ್ತಿತ್ತು. ಗೊತ್ತಾಗ್ಲಿಲ್ಲ."

ಅಲ್ಲಿಂದಲೇ ಲೈಸೆನ್ಸ್ ಆಫೀಸಿಗೆ ಫೋನ್ ಮಾಡಿದೆ. ಮಂಗಳವಾರದ ಲಕೋಟೆಯಲ್ಲೂ ಚೀಟಿ ಇತ್ತಂತೆ. ಅದರಲ್ಲಿ 'ಶುಕ್ರವಾರ, ಒಂದು ಗಂಟೆ' ಎಂದು ಬರೆದಿತ್ತಂತೆ. ಪರೀಕ್ಷೆ ಇರುವುದು ಹನ್ನೆರಡಕ್ಕೆ.

ಒಂದು ಸಲ ತಪ್ಪಾದರೆ ಮರೆವು ಎನ್ನಬಹುದು. ಮೂರು ಸಲವೂ ಸರಿಯಾಗಿ ಒಂದೇ ಗಂಟೆ ಮುಂದೆ.

ಮಾರ್ಲಿಸ್ ಹೊರಗೆ ಬಂದಾಗ ಕೈಯಲ್ಲಿ ಕಾರ್ಡಿತ್ತು. "ನೂರಾ ಮೂವತ್ತೆಂಟು!" ಎಂದು ರಕ್ತದೊತ್ತಡದ ಅಂಕಿಯನ್ನು ಲಾಟರಿ ಹೊಡೆದವಳ ಹಾಗೆ ಕೂಗಿದಳು. ನೂರಾ ನಲವತ್ತು ದಾಟಿದ್ದರೆ ತೊಂದರೆಯಾಗುತ್ತಿತ್ತು. ನಾನು ಅವಳನ್ನು ತಬ್ಬಿಕೊಂಡೆ.

* * *

ಆ ಮಧ್ಯಾಹ್ನ ಅವಳ ಅಡುಗೆಮನೆಯಲ್ಲಿ ಕುಳಿತು ಪಾಠ ಒಪ್ಪಿಸಿಕೊಳ್ಳುತ್ತಿದ್ದೆ. ಮಾರನೇ ದಿನ ಶಾಲೆಯಲ್ಲಿ ಮಾಂಸ-ಬೀನ್ಸಿನ ಖಾರದ ಗೊಜ್ಜು, ಜೊತೆಗೆ ದಾಲ್ಚಿನ್ನಿ ಬನ್ನು. ಪರೀಕ್ಷೆಗೆ ರಜೆ ಹಾಕಿದ್ದರೂ ಬನ್ನಿನ ಹಿಟ್ಟನ್ನು ಬೇರೆಯವರ ಕೈಗೆ ಬಿಡಲು ಅವಳಿಗೆ ಮನಸ್ಸಿಲ್ಲ.

"ಬ್ರೇಕಿನ ಗಾಳಿಯ ಒತ್ತಡ ಎಷ್ಟಕ್ಕೆ ಇಳಿಯೋ ಮೊದಲು ಎಚ್ಚರಿಕೆ ಬರಬೇಕು?"

"ಐವತ್ತೈದು."

"ಬಂದ್ರೆ ಏನ್ಮಾಡ್ತೀಯ?"

"ದೇವರನ್ನ ನೆನೀತೀನಿ."

"ಮಾರ್ಲಿಸ್."

"ಗಾಡಿ ಪಕ್ಕಕ್ಕೆ ಹಾಕ್ತೀನಿ ಕಣಮ್ಮ! ಎರಡು ಸಲ ಈ ಏರ್ ಬ್ರೇಕಲ್ಲೇ ಫೇಲಾಗಿದೀನಿ, ಮರೀತೀನಾ?" ಅವಳು ಹಿಟ್ಟನ್ನು ಗುದ್ದಿದಳು. "ಲೀಲ್ಯಾಂಡ್ ಇದನ್ನೆಲ್ಲ ಯಾವತ್ತೂ ಹೇಳಿಕೊಡ್ಲಿಲ್ಲ. ಊಟಕ್ಕೆ ಕೂತ್ರೆ ನಮಗೆ ಗಂಟೆ ಎಷ್ಟು ಅನ್ನೋದ್ರ ಮೇಲೇ ಜಗಳ."

ನನ್ನ ಕಣ್ಣು ಗೋಡೆಗೆ ಹೋಯಿತು.

ಅಲ್ಲಿ ಎರಡು ಗಡಿಯಾರಗಳಿವೆ. ಒಂದು ನಮ್ಮ ಊರಿನ ಗಂಟೆ. ಇನ್ನೊಂದು, ಹಸಿರು ಅಂಚಿನದು, ಒಂದು ಗಂಟೆ ಮುಂದೆ. ಅದು ಲೀಲ್ಯಾಂಡನದು. ಟ್ರಕ್ಕಿನವರು ಎಲ್ಲೇ ಇರಲಿ, ಗಾಡಿ ಓಡಿಸಿದ ಹೊತ್ತಿನ ದಿನಚರಿ ಬರೆಯುವುದು ತಮ್ಮ ಡಿಪೋದ ಗಂಟೆಗೆ, ಕಾನೂನೇ ಹಾಗಿದೆ. ಅವನ ಡಿಪೋ ನಮ್ಮ ನೆಬ್ರಾಸ್ಕಾದ ಪೂರ್ವ ಭಾಗದಲ್ಲಿತ್ತು, ಅಲ್ಲಿ ಹೊತ್ತು ನಮಗಿಂತ ಒಂದು ಗಂಟೆ ಮುಂದೆ ನಡೆಯುತ್ತದೆ. ಮನೆಗೆ ಬಂದರೂ ಅವನು ಅದೇ ಗಂಟೆಯಲ್ಲಿ ಬದುಕುತ್ತಿದ್ದ. ಐದಕ್ಕೆ ಕೂತು ಆರಾಯಿತು ಊಟ ಎಲ್ಲಿ ಎನ್ನುತ್ತಿದ್ದ. ಕೊನೆಗೆ ಮಾರ್ಲಿಸ್ ಸೋತು ಅವನಿಗೊಂದು ಗಡಿಯಾರ ತಂದು ಹಾಕಿದ್ದಳು.

ಮೂರು ವರ್ಷದಲ್ಲಿ ಅದು ಒಂದು ದಿನವೂ ನಿಂತದ್ದನ್ನು ನಾನು ನೋಡಿಲ್ಲ. ಬೇಸಿಗೆಯ ಬೆಳಕಿಗೆಂದು ಊರಿಗೂರೇ ಮಾರ್ಚಿನಲ್ಲಿ ಮುಳ್ಳು ಒಂದು ಗಂಟೆ ಮುಂದೆ ತಿರುಗಿಸಿ ನವೆಂಬರಿನಲ್ಲಿ ಹಿಂದೆ ತಿರುಗಿಸುವಾಗಲೂ ಈ ಎರಡೂ ಒಟ್ಟಿಗೇ ಸರಿಯುತ್ತಿದ್ದವು. ಹೋದವನ ಗಂಟೆಯನ್ನು ಹೀಗೆ ಕಾಪಾಡುವ ಹೆಂಗಸಿಗೆ ಏನು ಹೇಳುವುದು? ನಾನು ಯಾವತ್ತೂ ಆ ಮಾತು ಎತ್ತಿರಲಿಲ್ಲ.

ಗಡಿಯಾರದ ಕೆಳಗೆ ಮೊಳೆಯಲ್ಲಿ, ಅವತ್ತು ಓಡುವ ಟ್ರಕ್ಕಿನಲ್ಲೇ ಉಳಿದಿದ್ದ ಕೀ ತೂಗುತ್ತಿತ್ತು, ಅದಕ್ಕೆ ಮಾರ್ಲಿಸ್ ಹೆಣೆದ ಕೆಂಪು ಉಣ್ಣೆಯ ಜಡೆ. ಅಂಥದೇ ಜಡೆಯ ಇನ್ನೊಂದು ಬಿಡಿ ಕೀ ಲೀಲ್ಯಾಂಡನ ಜೇಬಿನಲ್ಲಿತ್ತು. ಅದು ಅವನ ಜೊತೆಯೇ ಹೋಯಿತು.

"ಏನೇ ಬೆಪ್ಪಾಗಿ ಕೂತೆ? ಮುಂದಿನ ಪ್ರಶ್ನೆ ಕೇಳು," ಎಂದಳು ಮಾರ್ಲಿಸ್.

ಕೇಳಿದೆ. ಆದರೆ ನನ್ನ ಮನಸ್ಸೆಲ್ಲ ಆ ಚೀಟಿಯ ಮೇಲಿತ್ತು. ಒಂಬತ್ತೂ ಕಾಲು ಎಂದು ಕೇಳಿ ಹತ್ತೂ ಕಾಲು ಎಂದು ಬರೆಯುವುದು ತಲೆ ನೆಟ್ಟಗಿಲ್ಲದವನಲ್ಲ. ಆ ಡಿಪೋದಿಂದ ಟ್ರಕ್ ಓಡಿಸಿದವನು. ನಮ್ಮೂರಿನಲ್ಲಿ ಅಂಥವರು ಇಬ್ಬರೇ. ಒಬ್ಬ ಲೀಲ್ಯಾಂಡ್. ಇನ್ನೊಬ್ಬ, ಈಗ ಡ್ರೈವಿಂಗ್ ಶಾಲೆ ನಡೆಸುತ್ತಿರುವ ಓಡಿಸ್ ಬ್ರೈಟ್.

ಓಡಿಸ್ ಆಗಿರಲಿ ಎಂದು ಮನಸ್ಸಿನಲ್ಲೇ ಬೇಡಿಕೊಂಡೆ. ಮೂರು ವರ್ಷ ಲೀಲ್ಯಾಂಡ್ ಬದುಕಿರಲಿ ಎಂದು ಬೇಡಿದವಳು ನಾನೇ. ನನಗೆ ನಾಚಿಕೆಯಾಯಿತು.

* * *

ಶುಕ್ರವಾರ ಬೆಳಿಗ್ಗೆ ಓಡಿಸ್ ತನ್ನ ಅಂಗಳದಲ್ಲಿ ಕಿತ್ತಳೆ ಬಣ್ಣದ ಶಂಕುಗಳನ್ನು ಸಾಲಾಗಿ ಜೋಡಿಸುತ್ತಿದ್ದ. ಅರವತ್ತಮೂರರ ವಿಧುರ, ಸೊಂಟ ನೋವು, ಮಾತು ಕಡಿಮೆ.

"ಓಡಿಸ್, ಗಂಟೆ ಎಷ್ಟು?"

ಅವನು ತೋಳು ಸರಿಸಿ ಕೈಗಡಿಯಾರ ನೋಡಿದ. "ಹನ್ನೆರಡೂ ಐದು."

ನಾನು ನನ್ನ ಫೋನನ್ನು ಅವನ ಮುಖದ ಮುಂದೆ ಹಿಡಿದೆ. ಹನ್ನೊಂದೂ ಐದು.

ಅವನ ಕಿವಿ ಕೆಂಪಾಯಿತು. ಕೈಯಲ್ಲಿದ್ದ ಶಂಕುವನ್ನು ಎಲ್ಲಿಡಬೇಕೆಂದು ತಿಳಿಯದೆ ಅಪ್ಪಿಕೊಂಡು ನಿಂತ.

"ಮೂವತ್ತೊಂದು ವರ್ಷ ಆ ಗಂಟೆಗೆ ಬರೆದ ಕೈ ವರ್ನಾ. ಬಿಡಿಸಿಕೊಳ್ಳೋಕೆ ಆಗಿಲ್ಲ."

"ಪರೀಕ್ಷೆ ಫೀಸು ನೀನೇ?"

"ನಾನೇ."

"ಮೆಡಿಕಲ್?"

"ಅದೂ."

"ಯಾಕಪ್ಪಾ?"

"ಸೇರೋಕೆ ಅಂತ ಬಂದಾಗ ಖರ್ಚೆಲ್ಲ ಒಂದು ಹಾಳೇಲಿ ಬರಕೊಡು ಅಂದ್ಲು. ಬರೆದುಕೊಟ್ಟೆ. ಅಲ್ಲೇ ಕೂತು ಕೂಡಿದ್ಲು. ಮೂರು ಸಲ ಕೂಡಿದ್ಲು, ಕಮ್ಮಿ ಆಗುತ್ತೇನೋ ಅನ್ನೋ ಥರ. ನನಗೆ ಸಹಿಸೋಕಾಗ್ಲಿಲ್ಲ."

"ಅವಳಿಗೇ ನೇರ ಹೇಳಬಹುದಿತ್ತಲ್ಲ."

"ಏನಂತ ಹೇಳ್ಲಿ? ಅವಳಿನ್ನೂ ಒಬ್ಬನ ಹೆಂಡತಿ. ನಾನು ಅವನ ಗೆಳೆಯ."

ಪಾಪ, ಮುದುಕ ಪ್ರೀತಿಯಲ್ಲಿ ಬಿದ್ದಿದ್ದ. ನನ್ನ ಎದೆಯಿಂದ ದೊಡ್ಡ ಕಲ್ಲೊಂದು ಇಳಿದಂತಾಯಿತು. ಮಾರ್ಲಿಸ್ ಪರ್ಮಿಟ್ ಹರಿಯಬೇಕಿಲ್ಲ. ಬೈದು, ದುಡ್ಡು ತಿರುಗಿಸಿ ಕೊಟ್ಟು, ಟ್ರಕ್ ಹತ್ತಬಹುದು.

"ಸರಿ ಬಿಡು," ಎಂದೆ ನಗುತ್ತ. "ನಿನ್ನ ಶಾಲೆ ಫೀಸನ್ನಾದ್ರೂ ಅವಳ ಕೈಯಿಂದ ತಗೋ. ಇಲ್ಲಾಂದ್ರೆ ಲಟ್ಟಣಿಗೆಯಲ್ಲಿ ಬಡೀತಾಳೆ."

ಓಡಿಸ್ ನಗಲಿಲ್ಲ. ಶಂಕು ಕೆಳಗಿಟ್ಟ.

"ಅದು ನಾನಲ್ಲ ವರ್ನಾ."

"ಯಾವುದು?"

"ಶಾಲೆ ಫೀಸು. ನಾಲ್ಕು ಸಾವಿರದ ಇನ್ನೂರು. ನಾನೇ ಬಿಟ್ಟುಬಿಡೋಣ ಅಂತಿದ್ದೆ. ಸೋಮವಾರ ಬೆಳಿಗ್ಗೆ ಬಂದ್ರೆ ಮೆಟ್ಟಿಲ ಮೇಲೆ ಕಾಗದದ ಚೀಲ ಇತ್ತು. ಪೂರ್ತಿ ದುಡ್ಡು. ಮೊದಲು ಬಂದದ್ದು ಅದು. ಅದನ್ನ ನೋಡೇ ನನಗೂ ಹಂಗೆ ಮಾಡೋ ಬುದ್ಧಿ ಬಂದದ್ದು."

"ಯಾರಿಗೂ ಯಾಕೆ ಹೇಳಲಿಲ್ಲ?"

ಅವನು ಆಫೀಸಿನೊಳಗೆ ಹೋಗಿ ಮೇಜಿನ ಖಾನೆಯಿಂದ ಏನನ್ನೋ ತಂದ. ನನ್ನ ಅಂಗೈ ಮೇಲಿಟ್ಟು ಬೆರಳುಗಳನ್ನು ಮುಚ್ಚಿಸಿದ.

"ದುಡ್ಡಿನ ಜೊತೆ ಇದೂ ಇತ್ತು. ನಾಲ್ಕು ದಿನ ಬಚ್ಚಿಟ್ಟೆ. ಇದನ್ನ ನೋಡಿದ್ಮೇಲೆ ಅವಳು ನನ್ನ ಕಡೆ ತಲೆ ಎತ್ತಿ ನೋಡ್ತಾಳಾ? ಅಷ್ಟೇ ನನ್ನ ಯೋಚನೆ. ನಾನು ಕೆಟ್ಟವನಲ್ಲ ವರ್ನಾ. ಹೆದರಿದೆ."

ಕೈ ಬಿಡಿಸಿ ನೋಡಿದೆ. ಟ್ರಕ್ಕಿನ ಕೀ. ಅದಕ್ಕೆ ಕೆಂಪು ಉಣ್ಣೆಯ ಜಡೆ, ಮಾಸಿ ಕಂದಿಹೋಗಿತ್ತು.

* * *

ಲೈಸೆನ್ಸ್ ಆಫೀಸಿನ ಮೆಟ್ಟಿಲ ಮೇಲೆ ಮಾರ್ಲಿಸ್ ಕಾಯುತ್ತಿದ್ದಳು. ಇಸ್ತ್ರಿ ಮಾಡಿದ ಅಂಗಿ, ತುಟಿಗೆ ಬಣ್ಣ, ಕಂಕುಳಲ್ಲಿ ಮದುವೆಯ ಪತ್ರದ ಲಕೋಟೆ. ಹನ್ನೆರಡಕ್ಕೆ ಇನ್ನು ಆರು ನಿಮಿಷ.

"ಸಿಕ್ಕಿದ್ನಾ?"

ಕೀ ನನ್ನ ಕೋಟಿನ ಜೇಬಿನಲ್ಲಿತ್ತು. ಅದು ಲೀಲ್ಯಾಂಡ್ ಕಳಿಸಿದ್ದಿರಬಹುದು. ಲೀಲ್ಯಾಂಡನ ಜೇಬಿನಿಂದ ಅದನ್ನು ತೆಗೆದುಕೊಂಡ ಇನ್ನೊಬ್ಬ ಕಳಿಸಿದ್ದಿರಲೂಬಹುದು. ಯಾವುದೇ ಆಗಲಿ, ಈಗ ಹೇಳಿದರೆ ಇವಳು ಆ ಬಾಗಿಲು ದಾಟುವುದಿಲ್ಲ.

"ಓಡಿಸ್," ಎಂದೆ. "ಪರೀಕ್ಷೆ ಫೀಸು, ಮೆಡಿಕಲ್, ಎರಡೂ ಓಡಿಸ್ ಕಣೇ. ನಿನ್ನ ಮೇಲೆ ಅವನಿಗೆ ಮನಸ್ಸಿದೆ."

ಅವಳ ಮುಖ ಮೊದಲು ಬಿಳುಚಿತು, ಆಮೇಲೆ ಕೆಂಪಾಯಿತು. "ಆ ಸೊಂಟ ಹಿಡಿದ ಮುದುಕನಾ?" ಎಂದು ಬಾಯಿ ಮುಚ್ಚಿಕೊಂಡು ನಕ್ಕಳು. ನಗುತ್ತ ನಗುತ್ತ ಕಣ್ಣು ಒರೆಸಿಕೊಂಡಳು. "ನಾಳೆ ಹೋಗಿ ಅವನ ಮೇಜಿನ ಮೇಲೆ ಡಬ್ಬಿ ಸುರೀತೀನಿ ನೋಡು."

ಒಳಗೆ ಹೋದಳು. ಗಾಜಿನ ಬಾಗಿಲಿನಾಚೆ ಕಂಪ್ಯೂಟರಿನ ಮುಂದೆ ಅವಳ ಬೆನ್ನು ಕಾಣುತ್ತಿತ್ತು. ಪ್ರತಿ ಉತ್ತರಕ್ಕೂ ಮೊದಲು ಬೆರಳು ಮಡಿಸಿ ಎಣಿಸುತ್ತಿದ್ದಳು. ನಾನು ಮೆಟ್ಟಿಲ ಮೇಲೆ ಕುಳಿತು, ಇಪ್ಪತ್ತಾರು ವರ್ಷ ಬೇರೆಯವರ ಸುಳ್ಳು ಹಿಡಿದವಳು ಈಗ ನನ್ನದನ್ನು ಹೇಗೆ ಬಿಚ್ಚಲಿ ಎಂದು ಯೋಚಿಸಿದೆ.

ಒಂದು ಗಂಟೆಯ ಹೊತ್ತಿಗೆ ಹೊರಗೆ ಬಂದಳು. ಕಾಗದವನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದಳು, ಅಷ್ಟೆ. ಫೋಟೋದಲ್ಲಿ ಅವಳು ಕಳ್ಳಿಯ ಹಾಗೆ ಕಾಣುತ್ತಿದ್ದಳು. ಇಷ್ಟು ಚಂದದ ಫೋಟೋವನ್ನು ನಾನು ಈಚೆಗೆ ನೋಡಿಲ್ಲ.

"ಏರ್ ಬ್ರೇಕಲ್ಲಿ ಒಂದೇ ಒಂದು ತಪ್ಪು!" ಎಂದಳು ಕೊನೆಗೆ.

ಬೇರೆ ದಾರಿ ಇರಲಿಲ್ಲ. ಜೇಬಿನಿಂದ ಕೀ ತೆಗೆದು ಅವಳ ಮುಂದೆ ಹಿಡಿದೆ. ಡ್ರೈವಿಂಗ್ ಶಾಲೆಯ ಫೀಸು, ಕಾಗದದ ಚೀಲ, ನಾಲ್ಕು ದಿನ ಹೆದರಿದ ಓಡಿಸ್, ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದೆ. "ಪರೀಕ್ಷೆಗೆ ಮೊದಲೇ ಗೊತ್ತಿತ್ತು. ನಿನಗೆ ಮುಚ್ಚಿಟ್ಟೆ. ಬೈಯೋದಿದ್ರೆ ಬೈ."

ಅವಳು ಬೈಯಲಿಲ್ಲ. ಕೀ ತೆಗೆದುಕೊಂಡು ಉಣ್ಣೆಯ ಜಡೆಯನ್ನು ಹೆಬ್ಬೆರಳಿನಿಂದ ಸವರಿದಳು. ಆ ಹೆಣಿಗೆ ಅವಳದೇ. ನಡುವೆ ಒಂದು ಎಳೆ ತಪ್ಪಿದ್ದು ಅವಳಿಗೆ ಕಣ್ಣು ಮುಚ್ಚಿದರೂ ಗೊತ್ತು. ಮೆಟ್ಟಿಲ ಮೇಲೆ ನನ್ನ ಪಕ್ಕದಲ್ಲಿ ಕುಸಿದು ಕುಳಿತಳು. ಇನ್ನೊಂದು ಕೈಯಲ್ಲಿ ಪರ್ಮಿಟ್ ಇತ್ತು.

"ಹರೀತೀಯಾ?" ಎಂದೆ.

ಅವಳು ಮದುವೆಯ ಪತ್ರದ ಲಕೋಟೆಯೊಳಗೆ ಅದನ್ನು ಮೆಲ್ಲಗೆ ಇಟ್ಟಳು.

"ಇಲ್ಲ. ಫೀಸು ಯಾರಾದ್ರೂ ಕಟ್ಲಿ, ಉಪ್ಪು ಬಿಟ್ಟವಳು ನಾನು. ಆ ನಾಲ್ಕು ಸಾವಿರ ಹಂಗೇ ಇರ್ಲಿ, ಅವನ ಮುಖಕ್ಕೆ ಎಸೀತೀನಿ. ಮೊದಲು ಮುಖ ತೋರಿಸ್ಲಿ."

ಅವಳ ಭುಜಕ್ಕೆ ಕೈ ಹಾಕಿದೆ. ಮೂರು ವರ್ಷ ಎತ್ತದ ಮಾತು ಆಗ ತಾನಾಗಿಯೇ ಬಂತು.

"ಅವನು ಬದುಕಿದ್ದಾನೆ ಅಂತ ನಿನಗೆ ಒಳಗೊಳಗೇ ಗೊತ್ತಿತ್ತು ಅಲ್ವಾ? ಅದಕ್ಕೇ ಆ ಗಡಿಯಾರವನ್ನ ಒಂದು ದಿನವೂ ನಿಲ್ಲೋಕೆ ಬಿಡಲಿಲ್ಲ. ಸೆಲ್ ಹಾಕಿ, ಮಾರ್ಚಿಗೆ ಮುಂದೆ, ನವೆಂಬರಿಗೆ ಹಿಂದೆ ತಿರುಗಿಸಿ. ನೋಡಿದಾಗಲೆಲ್ಲ ನನಗೆ ಅಳು ಬರೋದು ಕಣೇ. ಕೇಳೋಕೆ ಧೈರ್ಯ ಆಗ್ಲಿಲ್ಲ."

ಮಾರ್ಲಿಸ್ ನಿಧಾನವಾಗಿ ನನ್ನ ಕಡೆ ತಿರುಗಿದಳು. ಹಿಂಬಾಗಿಲಿಗೆ ಬೀಗ ಹಾಕುವ ಅಭ್ಯಾಸ ನಮ್ಮೂರಿನಲ್ಲಿ ಯಾರಿಗೂ ಇಲ್ಲ, ಅವಳಿಗೂ ಇಲ್ಲ. ಅವಳ ಕಣ್ಣು ನೋಡಿದ ಕೂಡಲೇ ಅದು ನನಗೆ ನೆನಪಾಯಿತು.

"ವರ್ನಾ," ಎಂದಳು. "ಅವನು ಹೋದ ಮೇಲೆ ಆ ಗಡಿಯಾರವನ್ನ ನಾನು ಮುಟ್ಟೇ ಇಲ್ಲ. ನನ್ನ ಮೇಲಿನ ಪ್ರೀತಿಗೆ ನೀನೇ ಬಂದು ಸೆಲ್ ಹಾಕಿ ತಿರುಗಿಸ್ತಿದ್ದೀಯ ಅಂದ್ಕೊಂಡಿದ್ದೆ."